ನಿದ್ರೆಯೂ ಸ್ವಪ್ನವೂ

ಮನುಷ್ಯನ ಆಯುಷ್ಯದಲ್ಲಿ ಸುಮಾರು ಮೂರರಲ್ಲೊಂದು ಪಾಲು ನಿದ್ರೆಯಲ್ಲಿ ಕಳೆಯುತ್ತದೆ. ಆ ಹೊತ್ತಿನಲ್ಲಿ ಮನಸ್ಸು ಎಲ್ಲಿರುತ್ತದೆ, ಏನು ಮಾಡುತ್ತಿರುತ್ತದೆ ಎಂಬ ಪ್ರಶ್ನೆಯು ಬಹು ಪುರಾತನವಾದದ್ದು. ನಮ್ಮ ದೇಶದ ಪೂರ್ವಿಕರು ಜಾಗ್ರತ್, ಸ್ವಪ್ನ, ಸುಷುಪ್ತಿಯೆಂದು ಅರಿವಿನ ಅವಸ್ಥೆಗಳನ್ನು ವಿಂಗಡಿಸಿದ್ದರು. ಆದರೆ ನಿದ್ರಿಸುವವರ ಮಗ್ಗುಲಲ್ಲಿ ಕುಳಿತು, ಕನಸು ಬಂದ ಗಳಿಗೆಯನ್ನು ಹೊರಗಿನಿಂದಲೇ ಗುರುತಿಸುವ ಉಪಾಯವು ಇಪ್ಪತ್ತನೆಯ ಶತಮಾನದವರೆಗೂ ಯಾರಿಗೂ ದೊರೆತಿರಲಿಲ್ಲ. ಅದು ದೊರೆತ ಬಗೆಯನ್ನೂ, ಅದರಿಂದ ನಮ್ಮ ಹೆಣ್ಣುಮಕ್ಕಳಿಗೆ ಆಗತಕ್ಕ ಪ್ರಯೋಜನವನ್ನೂ ಇಲ್ಲಿ ಸಂಕ್ಷೇಪವಾಗಿ ವಿವರಿಸುವೆನು.

ಜರ್ಮನಿ ದೇಶದ ಯೇನಾ ಪಟ್ಟಣದ ವೈದ್ಯರಾದ ಹಾನ್ಸ್ ಬರ್ಗರ್ ಎಂಬವರು 1924ರಲ್ಲಿ ಮನುಷ್ಯನ ಮಿದುಳಿನಲ್ಲಿ ಹುಟ್ಟುವ ಸೂಕ್ಷ್ಮವಾದ ವಿದ್ಯುತ್ತನ್ನು ಮೊದಲ ಬಾರಿಗೆ ಯಂತ್ರದಿಂದ ದಾಖಲಿಸಿ, 1929ರಲ್ಲಿ ಆ ಸಂಗತಿಯನ್ನು ಪ್ರಕಟಿಸಿದರು. ಅತ್ತ ಅಮೆರಿಕದ ಶಿಕಾಗೋ ವಿಶ್ವವಿದ್ಯಾನಿಲಯದಲ್ಲಿ ನಥಾನಿಯೆಲ್ ಕ್ಲೈಟ್ಮನ್ ಎಂಬ ವಿದ್ವಾಂಸರು ನಿದ್ರೆಯ ಅಭ್ಯಾಸಕ್ಕೇ ತಮ್ಮ ಜೀವಮಾನವನ್ನು ಮೀಸಲಿಟ್ಟಿದ್ದರು. ಇವರು 1938ರಲ್ಲಿ ರಿಚರ್ಡ್‌ಸನ್ ಎಂಬ ಶಿಷ್ಯನೊಡನೆ ಕೆಂಟಕಿ ಪ್ರಾಂತದ ಮ್ಯಾಮತ್ ಗುಹೆಯೊಳಗೆ, ಸೂರ್ಯಪ್ರಕಾಶವಿಲ್ಲದ ಸ್ಥಳದಲ್ಲಿ, 32 ದಿನ ವಾಸಮಾಡಿ, ದಿನವೊಂದಕ್ಕೆ 28 ಗಂಟೆಗಳೆಂದು ಎಣಿಸಿ ಬದುಕಿ ನೋಡಿದರು. ಶಿಷ್ಯನ ದೇಹವು ಆ ಲೆಕ್ಕಕ್ಕೆ ಒಗ್ಗಿತು. ಗುರುಗಳ ದೇಹವು ಮಾತ್ರ ಹಳೆಯ 24 ಗಂಟೆಗಳ ಹದವನ್ನು ಬಿಡಲೊಲ್ಲದೆ ಹೋಯಿತು. ಸೂರ್ಯನನ್ನು ಕಾಣದಿದ್ದರೂ ನಡೆಯುವ ಒಂದು ಗಡಿಯಾರವು ನಮ್ಮ ದೇಹದಲ್ಲಿ ಉಂಟೆಂಬುದು ಇಂದು ಸ್ಥಿರಪಟ್ಟ ವಿಷಯವಾಗಿದೆ.

ಕ್ಲೈಟ್ಮನ್ನರ ಮತ್ತೊಬ್ಬ ವಿದ್ಯಾರ್ಥಿ ಯೂಜೀನ್ ಅಸೆರಿನ್‌ಸ್ಕಿ ಎಂಬವರು. ಇವರು ತಮ್ಮ ಎಂಟು ವರ್ಷದ ಮಗನನ್ನು ಪ್ರಯೋಗಶಾಲೆಯಲ್ಲಿ ಮಲಗಿಸಿ, ಕಣ್ಣುಗಳ ಬಳಿ ತಂತಿಗಳನ್ನು ಅಂಟಿಸಿ, ರಾತ್ರಿಯಿಡೀ ಕಾದು ಕುಳಿತರು. ಬಾಲಕನು ಗಾಢವಾಗಿ ನಿದ್ರಿಸುತ್ತಿದ್ದಾಗಲೇ, ಮುಚ್ಚಿದ ರೆಪ್ಪೆಗಳ ಒಳಗೆ ಕಣ್ಣುಗುಡ್ಡೆಗಳು ಆಗಾಗ್ಗೆ ಅತಿ ವೇಗದಿಂದ ಚಲಿಸುವುದು ಕಂಡುಬಂತು. ಬಳಿಕ ದೊಡ್ಡವರಲ್ಲಿ ಇದನ್ನು ಪರೀಕ್ಷಿಸಿದರು. ಕಣ್ಣು ಚಲಿಸುತ್ತಿದ್ದಾಗ 27 ಸಲ ಎಬ್ಬಿಸಿ ಕೇಳಲು, 20 ಸಲ ಸವಿಸ್ತಾರವಾದ ಕನಸುಗಳು ಹೇಳಲ್ಪಟ್ಟವು. ಕಣ್ಣು ನಿಶ್ಚಲವಾಗಿದ್ದಾಗ 23 ಸಲ ಎಬ್ಬಿಸಲು, 19 ಸಲ ಏನೊಂದೂ ನೆನಪಿರಲಿಲ್ಲ. ಈ ಫಲಿತಾಂಶವು 1953ರಲ್ಲಿ ಪ್ರಕಟವಾಯಿತು. ಇತರ ವಿಧದ ನಿದ್ರೆಯಲ್ಲಿಯೂ ಕನಸು ಬೀಳುವುದುಂಟೆಂದು ಮುಂದೆ ತಿಳಿದುಬಂದರೂ, ಕಣ್ಣಿಗೆ ಕಟ್ಟುವಂಥ ಕನಸುಗಳು ಹೆಚ್ಚಾಗಿ ಈ ಚಲನೇತ್ರ ನಿದ್ರೆಯಲ್ಲಿಯೇ ಬರುತ್ತವೆ.

ನಿದ್ರೆಯು ಒಂದೇ ಸಮನಾದ ಕತ್ತಲೆಯಲ್ಲ. ಸುಮಾರು ತೊಂಬತ್ತು ನಿಮಿಷಕ್ಕೊಮ್ಮೆ ಅದು ಒಂದು ಸುತ್ತು ಮುಗಿಸುತ್ತದೆ. ಮೊದಲ ಸುತ್ತುಗಳಲ್ಲಿ ಗಾಢನಿದ್ರೆಯು ಅಧಿಕವಾಗಿಯೂ, ಕೊನೆಯ ಸುತ್ತುಗಳಲ್ಲಿ ಕನಸಿನ ನಿದ್ರೆಯು ಅಧಿಕವಾಗಿಯೂ ಇರುತ್ತದೆ. ಬೆಳಗಿನ ಜಾವದ ಕನಸು ನಿಜವಾಗುವುದೆಂದು ನಮ್ಮ ಮನೆಗಳಲ್ಲಿ ಹೇಳುವ ವಾಡಿಕೆಯುಂಟಷ್ಟೆ. ಆ ಹೊತ್ತಿನಲ್ಲಿ ಕನಸು ಹೆಚ್ಚು ಬೀಳುವುದಕ್ಕೂ, ಒಡನೆಯೇ ಎಚ್ಚರವಾಗುವುದರಿಂದ ಅದು ಮನಸ್ಸಿನಲ್ಲಿ ಅಚ್ಚೊತ್ತಿದಂತೆ ನಿಲ್ಲುವುದಕ್ಕೂ ಕಾರಣವಿಷ್ಟೇ; ಭವಿಷ್ಯವನ್ನು ಅರಿಯುವ ಶಕ್ತಿ ಅದಕ್ಕಿಲ್ಲ.

ಇನ್ನು ತಾಯಂದಿರು ವಿಶೇಷವಾಗಿ ಗಮನಿಸತಕ್ಕ ಸಂಗತಿಯೊಂದಿದೆ. ಫ್ರಾನ್ಸ್ ದೇಶದ ಲಿಯೋನ್ ಪಟ್ಟಣದಲ್ಲಿ ಮಿಷೆಲ್ ಜೂವೆ ಎಂಬವರು 1959ರಲ್ಲಿ, ಬೆಕ್ಕುಗಳನ್ನು ಪರೀಕ್ಷಿಸಿ, ಈ ನಿದ್ರೆಯಲ್ಲಿ ಮಿದುಳು ಎಚ್ಚತ್ತಂತೆ ಕೆಲಸಮಾಡುತ್ತಿದ್ದರೂ ದೇಹದ ಸ್ನಾಯುಗಳು ಬಹುಮಟ್ಟಿಗೆ ಸಡಿಲವಾಗಿ ಸ್ತಬ್ಧವಾಗಿರುವುವೆಂದು ತೋರಿಸಿದರು. ಕನಸಿನಲ್ಲಿ ಓಡುವವರು ಹಾಸಿಗೆ ಬಿಟ್ಟು ಓಡದಿರುವುದು ಈ ಕಟ್ಟಿನಿಂದಲೇ. ಒಮ್ಮೊಮ್ಮೆ ಕಟ್ಟು ಬಿಚ್ಚುವ ಮೊದಲೇ ಎಚ್ಚರವಾಗಿಬಿಡುತ್ತದೆ. ಆಗ ಕಣ್ಣು ತೆರೆದಿರುತ್ತದೆ, ಕೈಕಾಲು ಆಡುವುದಿಲ್ಲ, ಕೂಗಲು ಧ್ವನಿಯಿಲ್ಲ. ಎದೆಯ ಮೇಲೆ ಯಾರೋ ಕುಳಿತು ಅದುಮಿದಂತಾಗುತ್ತದೆ, ಮೂಲೆಯಲ್ಲಿ ಆಕೃತಿಯೊಂದು ನಿಂತಂತೆ ತೋರುತ್ತದೆ. ಕೆಲವು ಕ್ಷಣಗಳಲ್ಲಿ ಅಥವಾ ನಿಮಿಷಗಳಲ್ಲಿ ಅದು ತಾನಾಗಿ ಕಳೆಯುತ್ತದೆ. ನಿದ್ರೆಗೆಟ್ಟವರಲ್ಲಿಯೂ, ಅಂಗಾತ ಮಲಗುವವರಲ್ಲಿಯೂ ಇದು ಹೆಚ್ಚು. ಹೀಗಾದ ಹುಡುಗಿಗೆ ದೆವ್ವ ಹಿಡಿಯಿತೆಂದು ಶಾಲೆ ಬಿಡಿಸುವುದೂ, ಮಂತ್ರವಾದಿಯ ಬೆತ್ತಕ್ಕೆ ಒಪ್ಪಿಸುವುದೂ ಎಂಥ ಕ್ರೂರವಾದ ಅನ್ಯಾಯವೆಂಬುದನ್ನು ಹೇಳಬೇಕಾಗಿಲ್ಲ. ಅವಳಿಗೆ ಬೇಕಾದದ್ದು ಸಾಂತ್ವನದ ನಾಲ್ಕು ಮಾತು, ಸಾಕಷ್ಟು ನಿದ್ರೆ. ಪದೇ ಪದೇ ಆದಲ್ಲಿ ವೈದ್ಯರಿಗೆ ತೋರಿಸತಕ್ಕದ್ದು.

ಕನಸಿನಲ್ಲಿದ್ದುಕೊಂಡೇ ಇದು ಕನಸೆಂದು ಅರಿಯುವವರೂ ಉಂಟು. ಇಂಗ್ಲೆಂಡಿನ ಹಲ್ ಪಟ್ಟಣದಲ್ಲಿ 1975ರಲ್ಲಿ ಇಂಥ ಒಬ್ಬರು ಮೊದಲೇ ಗೊತ್ತುಮಾಡಿಕೊಂಡಂತೆ ನಿದ್ರೆಯೊಳಗಿನಿಂದ ಕಣ್ಣು ಚಲಿಸಿ ಸನ್ನೆ ಕೊಟ್ಟರು. 2021ರಲ್ಲಿ ಅಮೆರಿಕ, ಫ್ರಾನ್ಸ್, ಜರ್ಮನಿ, ನೆದರ್ಲೆಂಡ್ಸ್ ದೇಶಗಳ ಪ್ರಯೋಗಶಾಲೆಗಳವರು ಕೂಡಿ ಪ್ರಕಟಿಸಿದ ವರದಿಯಲ್ಲಿ, ಎಂಟರಿಂದ ಆರನ್ನು ಕಳೆದರೆ ಎಷ್ಟೆಂದು ನಿದ್ರಿಸುತ್ತಿದ್ದವರ ಕಿವಿಯಲ್ಲಿ ಕೇಳಲು, ಅವರು ಎರಡು ಸಲ ಕಣ್ಣು ಚಲಿಸಿ ಸರಿಯಾದ ಉತ್ತರವಿತ್ತ ಸಂಗತಿಯಿದೆ. ನಿದ್ರೆಗೂ ಅರಿವಿಗೂ ನಡುವೆ ನಾವು ಎಣಿಸಿದ್ದ ಗೋಡೆಯು ಅಷ್ಟೇನೂ ದಪ್ಪವಾದದ್ದಲ್ಲ.

ನಾವು ಕನಸು ಕಾಣುವುದೇತಕ್ಕೆ ಎಂಬುದರಲ್ಲಿ ವಿದ್ವಾಂಸರಲ್ಲಿ ಇನ್ನೂ ಒಮ್ಮತವಿಲ್ಲ. ಆದರೆ ಹಗಲು ಕಲಿತ ಪಾಠವು ನೆನಪಿನಲ್ಲಿ ಬೇರೂರಲು ನಿದ್ರೆಯು ಅವಶ್ಯವೆಂಬುದರಲ್ಲಿ ಸಂದೇಹವಿಲ್ಲ. ಹದಿಮೂರರಿಂದ ಹದಿನೆಂಟು ವರ್ಷದವರಿಗೆ ರಾತ್ರಿ 8ರಿಂದ 10 ಗಂಟೆಗಳ ನಿದ್ರೆ ಬೇಕೆಂದು ನಿದ್ರಾವೈದ್ಯರ ಅಭಿಪ್ರಾಯ. ಆದಕಾರಣ, ಮನೆಗೆಲಸವೆಲ್ಲ ಮುಗಿದ ಮೇಲೆ ಓದಲು ಕುಳಿತು, ಮತ್ತೆ ಮೂರು ಗಂಟೆಗೆ ಎಬ್ಬಿಸಲ್ಪಡುವ ಹುಡುಗಿಯು ಮರುದಿನ ಪಾಠದಲ್ಲಿ ತೂಕಡಿಸಿದರೆ ಅವಳನ್ನು ಸೋಮಾರಿಯೆನ್ನುವುದು ಸಲ್ಲದು. ಗಂಡುಮಕ್ಕಳಿಗೆ ಕೊಡುವ ಹೊತ್ತನ್ನು ಅವಳಿಗೂ ಕೊಡಬೇಕು. ಕೆಲಸವನ್ನು ಮನೆಯವರೆಲ್ಲ ಹಂಚಿಕೊಳ್ಳಬೇಕು. ಹಾಗೆಯೇ ಪರೀಕ್ಷೆಯ ಮುಂಚಿನ ರಾತ್ರಿ ಕೆಟ್ಟ ಕನಸು ಕಂಡವಳಿಗೆ, ಅದು ಅಪಶಕುನವಲ್ಲ, ಅವಳ ಚಿಂತೆಯೇ ನಿದ್ರೆಯಲ್ಲಿ ತೊಟ್ಟ ವೇಷವೆಂದು ತಿಳಿಹೇಳಿ, ಊಟವಿಕ್ಕಿ, ಧೈರ್ಯವಾಗಿ ಕಳುಹಿಸಿಕೊಡಬೇಕು. ಈಗ ತಾಯಂದಿರಾಗಿರುವ ನಮ್ಮ ಹಳೆಯ ವಿದ್ಯಾರ್ಥಿನಿಯರು ಇಷ್ಟನ್ನು ತಮ್ಮ ಮನೆಗಳಲ್ಲಿಯೂ ನೆರೆಹೊರೆಯಲ್ಲಿಯೂ ಹೇಳಿದಲ್ಲಿ, ಅದೆಷ್ಟೋ ಮಕ್ಕಳ ರಾತ್ರಿಗಳು ನಿರ್ಭಯವಾಗುವುವು.