ನಿಮಗಿದು ಗೊತ್ತೆ? ರಾಜ್ಯಕ್ಕಿಂತ ಮೊದಲೇ ‘ಕರ್ಣಾಟಕ’ ಎಂದ ಪತ್ರಿಕೆ

● ಮೈಸೂರು ವಿಶ್ವವಿದ್ಯಾನಿಲಯದ ಸಾಹಿತ್ಯ ತ್ರೈಮಾಸಿಕ ‘ಪ್ರಬುದ್ಧ ಕರ್ಣಾಟಕ’ ಹುಟ್ಟಿದ್ದು ಮೈಸೂರಿನಲ್ಲಲ್ಲ, ಬೆಂಗಳೂರಿನ ಸೆಂಟ್ರಲ್ ಕಾಲೇಜಿನಲ್ಲಿ. 1919ರಲ್ಲಿ ಅಲ್ಲಿನ ಕರ್ಣಾಟಕ ಸಂಘ ಅದನ್ನು ಹೊರತಂದಿತು. ಆಗ ಆ ಕಾಲೇಜು ಮೈಸೂರು ವಿಶ್ವವಿದ್ಯಾನಿಲಯಕ್ಕೇ ಸೇರಿತ್ತು.

● ಸಂಘ, ಪತ್ರಿಕೆ ಎರಡರ ಹಿಂದಿನ ಚೇತನ ಅಧ್ಯಾಪಕ ಎ.ಆರ್. ಕೃಷ್ಣಶಾಸ್ತ್ರಿ. ‘ವಚನ ಭಾರತ’, ‘ಕಥಾಮೃತ’ಗಳನ್ನು ಕೊಟ್ಟವರೂ ಇವರೇ.

● ಕಾಲೇಜುಗಳಲ್ಲಿ ಪಾಠವೆಲ್ಲ ಇಂಗ್ಲಿಷಿನಲ್ಲಿ ನಡೆಯುತ್ತಿದ್ದ ದಿನಗಳವು. ಮೈಸೂರು ವಿಶ್ವವಿದ್ಯಾನಿಲಯದಲ್ಲಿ ಕನ್ನಡ ಎಂ.ಎ. ತರಗತಿ ಶುರುವಾದದ್ದೇ 1927ರಲ್ಲಿ. ಎಂದರೆ ಪದವಿಗಿಂತ ಪತ್ರಿಕೆಯೇ ಹಿರಿದು!

● ಇದೇ ಕಾಲೇಜಿನ ಭೌತಶಾಸ್ತ್ರದ ಅಧ್ಯಾಪಕ ಬೆಳ್ಳಾವೆ ವೆಂಕಟನಾರಣಪ್ಪನವರು ನಂಗಪುರಂ ವೆಂಕಟೇಶ ಅಯ್ಯಂಗಾರ್ಯರೊಡನೆ 1918ರಲ್ಲೇ ‘ವಿಜ್ಞಾನ’ ಮಾಸಪತ್ರಿಕೆ ಆರಂಭಿಸಿದ್ದರು. ಹೀಗೆ ವಿಜ್ಞಾನಕ್ಕೂ ಸಾಹಿತ್ಯಕ್ಕೂ ಕನ್ನಡದ ಬಾಗಿಲು ಹೆಚ್ಚುಕಡಿಮೆ ಒಟ್ಟಿಗೇ ತೆರೆಯಿತು.

● ಮುಂದೆ ಪತ್ರಿಕೆಯ ಹೊಣೆಯನ್ನು ವಿಶ್ವವಿದ್ಯಾನಿಲಯವೇ ವಹಿಸಿಕೊಂಡಿತು. ಅದರ ಪ್ರಕಟಣ ವಿಭಾಗವಾದ ‘ಪ್ರಸಾರಾಂಗ’ದಿಂದ ಸಂಚಿಕೆಗಳು ಬಂದವು.

● ಹೆಸರನ್ನೊಮ್ಮೆ ಗಮನಿಸಿ: ‘ಕರ್ನಾಟಕ’ ಅಲ್ಲ, ‘ಕರ್ಣಾಟಕ’. ಆ ಹಳೆಯ ‘ಣ’ಕಾರವನ್ನು ಪತ್ರಿಕೆ ಕಾಪಾಡಿಕೊಂಡು ಬಂದಿದೆ. ಮೈಸೂರು ರಾಜ್ಯಕ್ಕೆ ಕರ್ನಾಟಕ ಎಂಬ ಹೆಸರು ಬಂದದ್ದು 1973ರ ನವೆಂಬರ್ 1ರಂದು. ಕನ್ನಡಿಗರು ನಾಲ್ಕಾರು ಆಡಳಿತಗಳಲ್ಲಿ ಹಂಚಿಹೋಗಿದ್ದ ಕಾಲದಲ್ಲಿ, ಅದಕ್ಕೂ 54 ವರ್ಷ ಮೊದಲು, ಮೇಷ್ಟ್ರೊಬ್ಬರೂ ವಿದ್ಯಾರ್ಥಿಗಳೂ ಆ ಹೆಸರನ್ನು ಮುಖಪುಟಕ್ಕೇರಿಸಿದ್ದರು. ನಾಡು ಒಂದಾಗುವ ಮೊದಲೇ ಅದನ್ನು ಒಂದೆಂದು ಕಂಡ ಆ ಹಿರಿಯರಿಗೆ ನಾವು ಋಣಿಗಳು.