ಧನಗರರು ಮತ್ತು ವಿದ್ವಾಂಸರು

ಪುಣೆಯ ಆಗ್ನೇಯಕ್ಕಿರುವ ಜೇಜುರಿಯ ಖಂಡೋಬ ಕನ್ನಡಿಗರಿಗೆ ಅಪರಿಚಿತನಲ್ಲ. ನಮ್ಮ ಮೈಲಾರಲಿಂಗನೇ ಅವನು. ಅವನ ಇಬ್ಬರು ಮಡದಿಯರಲ್ಲಿ ಮ್ಹಾಳಸೆ ಲಿಂಗಾಯತ ವಾಣಿಗಳ ಮನೆಯವಳು, ಬಾಣಾಯಿ ಧನಗರರವಳು. ನಮ್ಮಲ್ಲಿ ಬಾಣಾಯಿಯ ಸ್ಥಾನದಲ್ಲಿ ಕುರುಬರ ಮಾಳವ್ವನಿದ್ದಾಳೆ. ದೈವದ ಮನೆತನದಲ್ಲಿ ಹೀಗೆ ನೆಲೆ ಪಡೆದ ಕುರಿಗಾರರಿಗೆ ವಿದ್ವತ್‌ಗ್ರಂಥಗಳಲ್ಲಿ ದೊರೆತ ನೆಲೆ ಯಾವುದೆಂಬುದು ವಿಚಾರಾರ್ಹ.

ಮುಂಬಯಿ ಪ್ರಾಂತದ ಗ್ಯಾಜೆಟಿಯರ್ ಮಾಲೆಯಲ್ಲಿ ಪುಣೆ ಜಿಲ್ಲೆಯ ಸಂಪುಟ ಬಂದುದು 1885ರಲ್ಲಿ. ಮೈಬಣ್ಣ, ಉಡುಗೆ, ಊಟಗಳ ಸಾಲಿನಲ್ಲಿಯೇ ಜಾತಿಯೊಂದರ ಸ್ವಭಾವವನ್ನೂ ಕೆಲವು ವಿಶೇಷಣಗಳಲ್ಲಿ ತೀರ್ಮಾನಿಸುವುದು ಆ ಮಾಲೆಯ ರೂಢಿ. ಸ್ವಭಾವವೂ ಮೈಬಣ್ಣದಂತೆ ಕಣ್ಣಿಗೆ ಕಾಣುವ ವಸ್ತುವೆ? ಆಳುವವರ ಅನುಕೂಲಕ್ಕೆ ಹುಟ್ಟಿದ ಬರವಣಿಗೆ ಅದೆಂದು ಹೇಳಿ ನಾವು ಸುಲಭವಾಗಿ ಕೈತೊಳೆದುಕೊಳ್ಳುತ್ತೇವೆ.

ಆದರೆ ಸಹಾನುಭೂತಿಯುಳ್ಳವರ ಬರವಣಿಗೆಯೂ ಪೂರ್ಣ ನಿರ್ದೋಷವಲ್ಲ. ಶಂ.ಬಾ. ಜೋಶಿಯವರು ‘ಮರ್ಹಾಟಿ ಸಂಸ್ಕೃತಿ’ಯಲ್ಲಿ ಹಟ್ಟಿಕಾರರನ್ನು ಮಹಾರಾಷ್ಟ್ರದ ಬುಡಕ್ಕೇ ಒಯ್ದರು. ಪುಣೆಯ ರಾ.ಚಿಂ. ಢೇರೆಯವರು ವಿಠ್ಠಲನನ್ನು ಕುರಿತ 1984ರ ಗ್ರಂಥದಲ್ಲಿ ಆ ದೈವದ ಮೂಲವನ್ನು ಪಶುಪಾಲಕರಲ್ಲಿ ಕಂಡರು. ಎರಡೂ ದೊಡ್ಡ ಕೃತಿಗಳೇ; ತಿರಸ್ಕೃತರಿಗೆ ಹಿರಿಮೆ ತಂದವು. ಆ ಹಿರಿಮೆಗೂ ಬೆಲೆಯುಂಟು. ಇಂಥ ವಾದಗಳಲ್ಲಿ ಕುರಿಗಾರನು ಪ್ರಾಚೀನತೆಯ ಸಾಕ್ಷಿಯಾಗಿ ನಿಲ್ಲುತ್ತಾನೆ. ಇಂದು ಬದುಕುತ್ತಿರುವ ಮನುಷ್ಯನಾಗಿ ಕಾಣುವುದು ವಿರಳ.

ಜರ್ಮನ್ ವಿದ್ವಾಂಸ ಗುಂಥರ್ ಸೊಂಥೈಮರ್ (1934–1992) ಬೇರೆ ದಾರಿ ಹಿಡಿದರು. ಬಿರೋಬ, ಮ್ಹಸ್ಕೋಬ, ಖಂಡೋಬರನ್ನು ಕುರಿತ ಅವರ ಗ್ರಂಥ 1976ರಲ್ಲಿ ಜರ್ಮನಿನಲ್ಲಿಯೂ 1989ರಲ್ಲಿ ಇಂಗ್ಲಿಷಿನಲ್ಲಿಯೂ ಪ್ರಕಟವಾಯಿತು. ಅವರು ಧನಗರರ ಓವಿಗಳನ್ನು ಧ್ವನಿಮುದ್ರಿಸಿಕೊಂಡರು. ಅವುಗಳಲ್ಲಿ ಬಿರೋಬ, ಧುಳೋಬರ ಕಥನಗಳೆರಡು ಆ್ಯನ್ ಫೆಲ್ಡ್‌ಹೌಸ್ ಮತ್ತು ಸಹಭಾಗಿಗಳ ಅನುವಾದದಲ್ಲಿ 2014ರಲ್ಲಿ ಹೊರಬಂದವು. ಇಲ್ಲಿ ಧನಗರನು ಬರಿಯ ಮಾಹಿತಿದಾರನಲ್ಲ, ಕಥನಕಾರ. ಯಾವ ಓವಿಯನ್ನು ಮುದ್ರಿಸಬೇಕು, ಯಾವುದನ್ನು ಬಿಡಬೇಕೆಂಬ ಆಯ್ಕೆ ಮಾತ್ರ ಇಲ್ಲಿಯೂ ವಿದ್ವಾಂಸರದೇ.

ಬಿರೋಬನೆಂದರೆ ನಮ್ಮ ಬೀರಪ್ಪ. ಅವನ ಹಾಡುಗಳನ್ನು ಸಂಗ್ರಹಿಸುವಾಗ ನಾವೂ ಮುನ್ನುಡಿಯಲ್ಲಿ ‘ಮುಗ್ಧ ಜನಪದರು’ ಎಂದು ಬರೆದು ಮುಂದೆ ಸಾಗುತ್ತೇವೆ. ‘ಅಲೆಮಾರಿ’ ಎಂಬುದು ಮತ್ತೊಂದು ಸಿದ್ಧಪದ. ಮಳೆಗಾಲ ಮುಗಿದೊಡನೆ ಹಟಕರ ಧನಗರರು ಕುರಿಮಂದೆಯೊಡನೆ ಹೊರಡುವುದು ಗೊತ್ತುಗುರಿಯಿಲ್ಲದ ಅಲೆದಾಟವಲ್ಲ. ಗೊತ್ತಾದ ದಾರಿ, ಗೊತ್ತಾದ ಊರು. ರೈತನ ಹೊಲದಲ್ಲಿ ರಾತ್ರಿ ಮಂದೆ ನಿಲ್ಲಿಸಿದರೆ ನೆಲಕ್ಕೆ ಗೊಬ್ಬರ, ಕುರಿಗಾರನಿಗೆ ಕಾಳು ಅಥವಾ ಹಣ. ಎಷ್ಟು ಕುರಿ, ಎಷ್ಟು ರಾತ್ರಿ ಎಂಬುದು ಮೊದಲೇ ಮಾತಾಗಿರುತ್ತದೆ. ಆ ಮಾತುಕತೆಯಲ್ಲಿ ಕುಳಿತು ಕೇಳಿದವರು ಅವರನ್ನು ಮುಗ್ಧರೆಂದು ಬರೆಯಲಾರರು.