ನಷ್ಟವಿಲ್ಲದ ನಾದ

ಸಂಗೀತವೆಂದೊಡನೆ ಶ್ರುತಿಲಯಗಳ ಮಾಧುರ್ಯವನ್ನು ನೆನೆಯುವ ನಮಗೆ, ಕಾರ್ಖಾನೆಯ ಗದ್ದಲದಂತಹ ಧ್ವನಿಯೂ ಸಂಗೀತವಾಗಬಲ್ಲುದೆಂಬ ಮಾತು ವಿಚಿತ್ರವಾಗಿ ತೋರುವುದು ಸಹಜ. ಪಾಶ್ಚಾತ್ಯರ ‘ಇಂಡಸ್ಟ್ರಿಯಲ್ ರಾಕ್’ ಎಂಬ ಪದ್ಧತಿಯು ಇಂತಹುದು. ಯಂತ್ರಗಳ ಬಡಿತ, ಲೋಹದ ಕರ್ಕಶ ಸ್ವರ, ಬೇಕೆಂದೇ ಒಡೆಯಿಸಿದ ಗಿಟಾರಿನ ನಾದ, ಇವೇ ಅದರ ಸಾಮಗ್ರಿ.

ಈ ಪದ್ಧತಿಯಲ್ಲಿ ಪ್ರಖ್ಯಾತವಾದ ‘ನೈನ್ ಇಂಚ್ ನೇಲ್ಸ್’ ತಂಡವನ್ನು 1988ರಲ್ಲಿ ಅಮೆರಿಕದ ಕ್ಲೀವ್‌ಲೆಂಡ್ ನಗರದಲ್ಲಿ ಟ್ರೆಂಟ್ ರೆಜ್ನರ್ ಎಂಬಾತನು ಆರಂಭಿಸಿದನು. ಧ್ವನಿಮುದ್ರಣದ ಸ್ಟುಡಿಯೋ ಒಂದರಲ್ಲಿ ಗುಡಿಸುವುದು ಒರಸುವುದು ಮೊದಲಾದ ಕೆಲಸಗಳನ್ನು ಮಾಡುತ್ತ, ಬಿಡುವಿನ ವೇಳೆಯಲ್ಲಿ ಅಲ್ಲಿನ ಯಂತ್ರಗಳಲ್ಲಿಯೇ ತನ್ನ ಹಾಡುಗಳನ್ನು ಮುದ್ರಿಸಿಕೊಂಡವನಾತ. 1989ರ ಮೊದಲನೆಯ ಆಲ್ಬಮಿನಲ್ಲಿ ಸಿಂಥಸೈಜರ್ ವಾದ್ಯವೇ ಪ್ರಧಾನ. 1994ರ ‘ದಿ ಡೌನ್‌ವರ್ಡ್ ಸ್ಪೈರಲ್’ನಲ್ಲಿ ಗದ್ದಲವು ಪದರಪದರವಾಗಿ ಏರಿತು, ಅದರ ನಡುವೆಯೇ ಪಿಸುದನಿಯೂ ಕೇಳಿಸಿತು. 2008ರ ‘ಘೋಸ್ಟ್ಸ್’ನಲ್ಲಿ ಮಾತೇ ಇಲ್ಲದ 36 ವಾದ್ಯಕೃತಿಗಳು ಬಂದುವು. ಹೀಗೆ ಆರ್ಭಟದಿಂದ ಸೂಕ್ಷ್ಮದೆಡೆಗೆ ಸಾಗಿದ ರೆಜ್ನರನು ಆಟಿಕಸ್ ರಾಸನೊಡಗೂಡಿ ಚಲನಚಿತ್ರ ಸಂಗೀತಕ್ಕಾಗಿ 2011ರಲ್ಲಿ ಆಸ್ಕರ್ ಪಾರಿತೋಷಕವನ್ನೂ ಪಡೆದನು.

ಇಂತಹ ನಾದವನ್ನು ಕಾಪಾಡುವುದು ಹೇಗೆ? ಸಿ.ಡಿ.ಯಲ್ಲಿ ಒಂದು ಸೆಕೆಂಡಿನ ಧ್ವನಿಯನ್ನು ಎಡಬಲಗಳಿಗೆ ತಲಾ 44,100 ಅಂಕಿಗಳಾಗಿ ಬರೆದಿರುತ್ತಾರೆ. ಎಂಪಿ3 ಕ್ರಮವು, ಕಿವಿಗೆ ತಿಳಿಯಲಾರದೆಂದು ತಾನು ಎಣಿಸಿದ ಅಂಶಗಳನ್ನು ತೊರೆದು ಗಾತ್ರವನ್ನು ಕುಗ್ಗಿಸುತ್ತದೆ. ‘ಫ್ಲ್ಯಾಕ್’ ಕ್ರಮವಾದರೋ ಏನನ್ನೂ ತೊರೆಯುವುದಿಲ್ಲ. ಹಿಂದಿನ ಅಂಕಿಗಳಿಂದ ಮುಂದಿನದನ್ನು ಊಹಿಸಿ, ಊಹೆಗೂ ನಿಜಕ್ಕೂ ಇರುವ ವ್ಯತ್ಯಾಸವನ್ನು ಮಾತ್ರ ಬರೆದಿಡುವುದರಿಂದ ಗಾತ್ರವು ಅನೇಕ ವೇಳೆ ಅರ್ಧದ ಸಮೀಪಕ್ಕೆ ಇಳಿಯುತ್ತದೆ. ಗದ್ದಲವನ್ನು ಊಹಿಸುವುದು ಕಷ್ಟವಾದುದರಿಂದ ಇಂಡಸ್ಟ್ರಿಯಲ್ ಸಂಗೀತವು ಅಷ್ಟಾಗಿ ಕುಗ್ಗುವುದಿಲ್ಲವೆಂಬುದು ಸ್ವಾರಸ್ಯದ ಸಂಗತಿ. ಒಂದು ಸೀರೆಯನ್ನು ಮಡಿಸಿ ಪೆಟ್ಟಿಗೆಯಲ್ಲಿಡುವುದಕ್ಕೂ, ಪೆಟ್ಟಿಗೆಗೆ ಹಿಡಿಸಲಿಲ್ಲವೆಂದು ಸೆರಗನ್ನು ಕತ್ತರಿಸುವುದಕ್ಕೂ ಇರುವ ಅಂತರವೇ ಇಲ್ಲಿಯೂ ಉಂಟು.

ಉತ್ತಮ ದರ್ಜೆಯ ಎಂಪಿ3ಗೂ ಮೂಲಕ್ಕೂ ಭೇದವನ್ನು ಹಲವರ ಕಿವಿ ಗುರುತಿಸಲಾರದೆಂಬುದನ್ನು ನಾವು ಒಪ್ಪತಕ್ಕದ್ದೇ. ಆದರೆ ಅತಿಯಾಗಿ ಕುಗ್ಗಿಸಿದಾಗ ತಾಳದ ಝೇಂಕಾರವು ಕಲಕಿಹೋಗಿ, ಈ ಕರ್ಕಶವು ಕಲಾವಿದನದೋ ಯಂತ್ರದ್ದೋ ಎಂಬುದೇ ತಿಳಿಯದಾಗುತ್ತದೆ. ಬೇಕೆಂದೇ ಮಾಡಿದ ಒರಟುತನವೂ ಒಂದು ಕುಸುರಿಯೇ ಅಲ್ಲವೆ? 2008ರಲ್ಲಿ ರೆಜ್ನರನು ‘ದಿ ಸ್ಲಿಪ್’ ಆಲ್ಬಮನ್ನು ಉಚಿತವಾಗಿ ಹಂಚಿದಾಗ ಫ್ಲ್ಯಾಕ್ ಪ್ರತಿಯನ್ನೂ ಸೇರಿಸಿದ್ದನು.

ಪ್ರಯಾಣಕಾಲದಲ್ಲಿ ಕೇಳಲು ಎಂಪಿ3 ಸಾಕು. ಮನೆಯಲ್ಲಿ ಉಳಿಯಬೇಕಾದ ಪ್ರತಿಯು ಮಾತ್ರ ನಷ್ಟವಿಲ್ಲದ್ದಾಗಿರಲಿ. ಒಮ್ಮೆ ತೊರೆದ ಅಂಶವನ್ನು ಯಾವ ಯಂತ್ರವೂ ಯಥಾವತ್ತಾಗಿ ಮರಳಿ ತರಲಾರದು. ಪರದೇಶದ ಗದ್ದಲಕ್ಕೇ ಇಷ್ಟು ಜತನವಿರುವಾಗ, ನಮ್ಮ ಮನೆಯ ಅಜ್ಜಿಯ ಹಸೆಹಾಡನ್ನು ಮುದ್ರಿಸಿಕೊಳ್ಳುವ ದಿನ, ಆಕೆಯ ಉಸಿರಿನ ಸದ್ದನ್ನೂ ಬಿಡದೆ ಕಾಪಾಡುವುದು ನಮ್ಮ ಕರ್ತವ್ಯವಲ್ಲವೆ?